ಡೇರಿ ಪುಸ್ತಕದಲ್ಲಿ ಇಲ್ಲದ ಲೆಕ್ಕ

ಕಳೆದ ವರ್ಷ ಮೇ ತಿಂಗಳಿನ ಒಂದು ಶನಿವಾರ, ರಾಯ್ಟ್ಲಿಂಗನ್‌ನ ನಮ್ಮ ಮನೆಯ ಊಟದ ಮೇಜಿನ ಮೇಲೆ ಜರ್ಮನಿಯ ಪಿಂಚಣಿ ವಿಮೆಯ ಅರ್ಜಿಯೊಂದನ್ನು ಹರಡಿಕೊಂಡು ನಾನೂ ನನ್ನ ಹೆಂಡತಿಯೂ ಕುಳಿತಿದ್ದೆವು. ವಿ 0800 ಎಂಬ ಸಂಖ್ಯೆಯ ಆ ಅರ್ಜಿಯ ಬಹುಭಾಗ ಮಕ್ಕಳಿಗೆ ಸಂಬಂಧಿಸಿದ್ದು. ಮಗು ಹುಟ್ಟಿದ್ದು ಯಾವಾಗ, ಯಾವ ತಿಂಗಳಿನಿಂದ ಯಾವ ತಿಂಗಳವರೆಗೆ ಅದನ್ನು ಮುಖ್ಯವಾಗಿ ಸಾಕಿದವರು ತಾಯಿಯೋ ತಂದೆಯೋ ಎಂಬುದನ್ನೆಲ್ಲ ಅದರಲ್ಲಿ ತುಂಬಬೇಕು. ಊರಿನಿಂದ ಬಂದು ಒಂದು ತಿಂಗಳಾಗಿದ್ದ ಅವ್ವ ಪಕ್ಕದಲ್ಲಿ ಮೊಮ್ಮಗನ ಅಂಗಿಗೆ ಗುಂಡಿ ಹೊಲಿಯುತ್ತಾ ಕುಳಿತಿದ್ದಳು. ಅದೇನು ಕಾಗದ ಎಂದು ಕೇಳಿದಳು. ಮಕ್ಕಳನ್ನು ಸಾಕಿದ್ದಕ್ಕೆ ಮಗುವೊಂದಕ್ಕೆ ಮೂರು ವರ್ಷದಂತೆ ಒಟ್ಟು ಆರು ವರ್ಷಗಳ ದುಡಿಮೆ ಎಂದು ಲೆಕ್ಕ ಹಿಡಿದು, ಅದನ್ನು ಇವಳ ಪಿಂಚಣಿಗೆ ಸೇರಿಸುತ್ತಾರೆ ಎಂದು ಹೇಳಿದೆ. ಅವ್ವ ಸೂಜಿಯನ್ನು ಅಂಗಿಗೆ ಚುಚ್ಚಿ ನಿಲ್ಲಿಸಿ, "ಯಾರ ಮಕ್ಕಳನ್ನ ಸಾಕಿದ್ದಕ್ಕೆ?" ಎಂದಳು. ನಮ್ಮ ಮಕ್ಕಳನ್ನೇ ಎಂದೆ. ಅವಳಿಗೆ ಅದು ತಕ್ಷಣ ನಂಬುವ ಮಾತಾಗಲಿಲ್ಲ. ಸೊಸೆಯ ಮುಖ ನೋಡಿ ಇನ್ನೊಮ್ಮೆ ಕೇಳಿ ಖಾತ್ರಿ ಮಾಡಿಕೊಂಡಳು.

ಅವಳು ಅರಕಲಗೂಡು ತಾಲ್ಲೂಕಿನ ನಮ್ಮ ಹಳ್ಳಿಯಲ್ಲಿ ಎರಡು ಹಸುಗಳನ್ನೂ ಮೂರು ಮಕ್ಕಳನ್ನೂ ಒಟ್ಟೊಟ್ಟಿಗೇ ಸಾಕಿದವಳು. ಬೆಳಗಿನ ಜಾವ ಎದ್ದು ಕೊಟ್ಟಿಗೆಯ ಸಗಣಿ ಬಾಚಿ, ಹಾಲು ಕರೆದು ಡೇರಿಗೆ ಹಾಕಿ ಬಂದು, ಆಮೇಲೆ ನಮ್ಮನ್ನು ಎಬ್ಬಿಸಿ ತಲೆ ಬಾಚಿ ಶಾಲೆಗೆ ಕಳಿಸುತ್ತಿದ್ದಳು. ಡೇರಿಯಲ್ಲಿ ಹಾಲನ್ನು ಅಳೆದು, ಲ್ಯಾಕ್ಟೋಮೀಟರ್ ಇಳಿಬಿಟ್ಟು ನೋಡಿ, ಬೆಳಗಿನದು ಸಂಜೆಯದು ಎಂದು ಎರಡು ಕಲಮುಗಳಿದ್ದ ಸಣ್ಣ ಪುಸ್ತಕದಲ್ಲಿ ಬರೆದುಕೊಡುತ್ತಿದ್ದರು. ಆ ಪುಸ್ತಕ ನಮ್ಮ ಮನೆಯಲ್ಲಿ ದೇವರ ಗೂಡಿನ ಪಕ್ಕದ ಮೊಳೆಗೆ ದಾರದಲ್ಲಿ ನೇತಾಡುತ್ತಿತ್ತು. ಹಸು ಒಂದು ಹೊತ್ತು ಅರ್ಧ ಲೀಟರು ಕಡಿಮೆ ಕೊಟ್ಟರೂ ಅದರಲ್ಲಿ ಕಾಣುತ್ತಿತ್ತು, ಹಿಂಡಿಗೆ ಹಿಡಿದುಕೊಂಡ ಹಣವೂ ಕಾಣುತ್ತಿತ್ತು. ದಡಾರ ಬಂದ ನನ್ನ ತಂಗಿಯನ್ನು ಒಂಬತ್ತು ರಾತ್ರಿ ತೊಡೆಯ ಮೇಲೆ ಮಲಗಿಸಿಕೊಂಡು ಕೂತದ್ದನ್ನು ಬರೆಯಲು ಮಾತ್ರ ಅದರಲ್ಲಿ ಕಲಮು ಇರಲಿಲ್ಲ, ಬೇರೆ ಯಾವ ಪುಸ್ತಕದಲ್ಲೂ ಇರಲಿಲ್ಲ. ಇಂದು ಕರ್ನಾಟಕ ಸರ್ಕಾರ ಹಾಲು ಉತ್ಪಾದಕರಿಗೆ ಲೀಟರಿಗೆ 5 ರೂಪಾಯಿ ಪ್ರೋತ್ಸಾಹಧನ ಕೊಡುತ್ತದೆ. ಅದು ನ್ಯಾಯವಾದದ್ದೇ; ನಮ್ಮಂಥ ಎಷ್ಟೋ ಮನೆಗಳ ಮಕ್ಕಳು ಓದಿದ್ದು ಹಾಲಿನ ಹಣದಲ್ಲಿ. ಆದರೆ ಹಸು ಸಾಕುವುದು ದುಡಿಮೆ, ಮಕ್ಕಳನ್ನು ಸಾಕುವುದು ಮನೆಯ ಮಾತು ಎಂಬ ಈ ವಿಂಗಡಣೆಯನ್ನು ನಾವು ಎಂದೂ ಪ್ರಶ್ನಿಸಿಯೇ ಇಲ್ಲ.

ಪ್ರಶ್ನಿಸಿದವನೊಬ್ಬ ನಾನು ಈಗಿರುವ ಊರಿನವನೇ ಎಂಬುದು ನನಗೆ ಇಲ್ಲಿಗೆ ಬಂದು ಎಷ್ಟೋ ವರ್ಷಗಳ ಮೇಲೆ ತಿಳಿಯಿತು. ಫ್ರೀಡ್ರಿಷ್ ಲಿಸ್ಟ್ ಎಂಬ ಅರ್ಥಶಾಸ್ತ್ರಜ್ಞ 1789ರಲ್ಲಿ ರಾಯ್ಟ್ಲಿಂಗನ್‌ನಲ್ಲಿ ಹುಟ್ಟಿದ. ನಾನು ಷ್ಟುಟ್‌ಗಾರ್ಟ್‌ಗೆ ಕೆಲಸಕ್ಕೆ ಹೋಗಲು ರೈಲು ಹಿಡಿಯುವ ನಿಲ್ದಾಣದ ಬಳಿ ಅವನ ಪ್ರತಿಮೆಯಿದೆ. ತನ್ನ ಕಾಲದ ಅರ್ಥಶಾಸ್ತ್ರದ ಲೆಕ್ಕದಲ್ಲಿ ಹಂದಿ ಸಾಕುವವನು ಸಮಾಜದ ಉತ್ಪಾದಕ ಸದಸ್ಯನೆನಿಸುತ್ತಾನೆ, ಮನುಷ್ಯರನ್ನು ಬೆಳೆಸುವವನು ಅನುತ್ಪಾದಕನೆನಿಸುತ್ತಾನೆ ಎಂದು ಅವನು 1841ರಲ್ಲಿಯೇ ಆಕ್ಷೇಪಿಸಿದ್ದ. ಹಂದಿಯ ಜಾಗದಲ್ಲಿ ಹಸುವನ್ನಿಟ್ಟರೆ ಅದು ನಮ್ಮ ಹಳ್ಳಿಯ ಡೇರಿ ಪುಸ್ತಕದ ಮಾತೇ.

ಲಿಸ್ಟ್‌ನ ದೇಶ ಆ ತಪ್ಪನ್ನು ತಿದ್ದಿಕೊಳ್ಳಲು ನೂರು ವರ್ಷಕ್ಕೂ ಹೆಚ್ಚು ಕಾಲ ತೆಗೆದುಕೊಂಡಿತು. ಪೂರ್ತಿ ತಿದ್ದಿಕೊಂಡಿಲ್ಲ ಕೂಡ. 1955ರಲ್ಲಿ ವಿಲ್‌ಫ್ರೀಡ್ ಷ್ರೈಬರ್ ಎಂಬ ವಿದ್ವಾಂಸ ಪಶ್ಚಿಮ ಜರ್ಮನಿಗೆ ಒಂದು ಪಿಂಚಣಿ ಯೋಜನೆಯನ್ನು ಮುಂದಿಟ್ಟ. ದುಡಿಯುವ ಪ್ರಾಯದವರು ತಮ್ಮ ಗಳಿಕೆಯ ಒಂದು ಪಾಲನ್ನು ಮುದುಕರ ಪಿಂಚಣಿಗೂ ಇನ್ನೊಂದು ಪಾಲನ್ನು ಮಕ್ಕಳ ಪಾಲನೆಗೂ ಕೊಡಬೇಕು ಎಂಬುದು ಅದರ ಸಾರ. ಇಂದು ಮಗುವಾಗಿರುವವನೇ ನಾಳೆ ಪಿಂಚಣಿಯ ವಂತಿಗೆ ಕಟ್ಟುವವನಾದ್ದರಿಂದ ಎರಡನ್ನೂ ಒಂದೇ ಸರಪಣಿಯ ಕೊಂಡಿಗಳೆಂದು ಅವನು ತಿಳಿದಿದ್ದ. 1957ರಲ್ಲಿ ಕೊನ್ರಾಡ್ ಆಡೆನೌವರ್ ಅವರ ಸರ್ಕಾರ ಮುದುಕರ ಪಾಲನ್ನು ಜಾರಿಗೆ ತಂದಿತು, ಮಕ್ಕಳ ಪಾಲನ್ನು ಕೈಬಿಟ್ಟಿತು. ಜನ ಹೇಗೂ ಮಕ್ಕಳನ್ನು ಹೆರುತ್ತಲೇ ಇರುತ್ತಾರೆ ಎಂದು ಆಡೆನೌವರ್ ಹೇಳಿದರೆಂಬ ಮಾತು ಇಲ್ಲಿ ಇಂದಿಗೂ ಓಡಾಡುತ್ತದೆ. ಅದನ್ನು ಮೊದಲ ಸಲ ಕೇಳಿದಾಗ ನನಗೆ ನೆನಪಾದದ್ದು ನನ್ನ ಅಜ್ಜಿ ಪ್ರತಿ ಹೆರಿಗೆಯ ಹೊತ್ತಿನಲ್ಲೂ ಹೇಳುತ್ತಿದ್ದ "ಹುಟ್ಟಿಸಿದ ದೇವರು ಹುಲ್ಲು ಮೇಯಿಸುತ್ತಾನೆಯೇ" ಎಂಬ ಗಾದೆ. ಅಜ್ಜಿಯ ಮಾತಿನಲ್ಲಿ ಧೈರ್ಯವಿತ್ತು, ಬಡತನದ ನಡುವೆ ಬೇಕಾಗಿದ್ದ ಭರವಸೆಯಿತ್ತು. ಅದೇ ಮಾತು ಒಂದು ಸರ್ಕಾರದ ನೀತಿಯಾದಾಗ ಮಾತ್ರ, ಮಕ್ಕಳನ್ನು ಸಾಕುವ ಹೊರೆಯೆಲ್ಲ ಹೆತ್ತವರದು, ಅವರು ಬೆಳೆದು ದುಡಿದಾಗ ಬರುವ ಫಲ ಎಲ್ಲರದು ಎಂಬ ಏರ್ಪಾಡಾಗಿಬಿಡುತ್ತದೆ.

ಈ ಅನ್ಯಾಯವನ್ನು ಸರ್ಕಾರಕ್ಕೆ ತೋರಿಸಿಕೊಟ್ಟದ್ದು ಕಾರ್ಲ್ಸ್‌ರೂಹೆಯಲ್ಲಿರುವ ಸಂವಿಧಾನ ನ್ಯಾಯಾಲಯ. ಮುಪ್ಪಿನಲ್ಲಿ ಆರೈಕೆ ಬೇಕಾದವರಿಗಾಗಿ ಇಲ್ಲಿ ಪ್ರತಿಯೊಬ್ಬರ ಸಂಬಳದಿಂದಲೂ ಒಂದು ವಿಮೆಯ ಕಂತು ಹೋಗುತ್ತದೆ. ಮಕ್ಕಳನ್ನು ಸಾಕುತ್ತಿರುವವರಿಂದಲೂ ಮಕ್ಕಳಿಲ್ಲದವರಿಂದಲೂ ಒಂದೇ ದರದಲ್ಲಿ ವಸೂಲಿ ಮಾಡುವುದು ಸಮಾನತೆಗೆ ವಿರುದ್ಧ ಎಂದು ಆ ನ್ಯಾಯಾಲಯ 2001ರ ಏಪ್ರಿಲ್ 3ರಂದು ತೀರ್ಪು ಕೊಟ್ಟಿತು. ಮಕ್ಕಳನ್ನು ಬೆಳೆಸುವವರು ನಾಳೆ ಆ ವಿಮೆಯನ್ನು ನಡೆಸುವ ತಲೆಮಾರನ್ನೇ ಬೆಳೆಸಿಕೊಡುತ್ತಾರೆ, ಅದೂ ವಿಮೆಗೆ ಸಲ್ಲಿಸಿದ ವಂತಿಗೆಯೇ ಎಂಬುದು ತೀರ್ಪಿನ ತಿರುಳು. 2022ರಲ್ಲಿ ಅದೇ ನ್ಯಾಯಾಲಯ ಇನ್ನೊಂದು ಹೆಜ್ಜೆ ಮುಂದೆ ಹೋಗಿ, ಮಕ್ಕಳ ಸಂಖ್ಯೆಯನ್ನೂ ಗಣನೆಗೆ ತೆಗೆದುಕೊಳ್ಳಬೇಕೆಂದಿತು. ಅದರಂತೆ 2025ರಲ್ಲಿ ಮಕ್ಕಳಿಲ್ಲದವರ ಕಂತು ಸಂಬಳದ ಶೇಕಡಾ 4.2, ಒಂದು ಮಗುವಿದ್ದವರದು 3.6, ಎರಡನೆಯ ಮಗುವಿನಿಂದ ಐದನೆಯದರವರೆಗೆ, ಮಗುವಿಗೆ 25 ತುಂಬುವ ತನಕ, ಒಂದೊಂದಕ್ಕೂ ಕಾಲು ಶೇಕಡಾ ಇಳಿಕೆ. ನನ್ನ ಸಂಬಳದ ಚೀಟಿಯಲ್ಲಿ ಈ ಸಾಲು ಪ್ರತಿ ತಿಂಗಳೂ ಇರುತ್ತದೆ. ಮೊತ್ತ ದೊಡ್ಡದಲ್ಲ. ಆದರೂ ಮಕ್ಕಳನ್ನು ಸಾಕುವುದು ಊರಿಗೆಲ್ಲ ಸಲ್ಲುವ ದುಡಿಮೆ ಎಂದು ಒಪ್ಪಿ ಬರೆದ ಕಾಗದವೊಂದು ತಿಂಗಳಿಗೊಮ್ಮೆ ಕೈಗೆ ಬರುವುದನ್ನು ನಾನು ಸಣ್ಣ ಸಂಗತಿಯೆಂದು ತಿಳಿಯುವುದಿಲ್ಲ.

ಉಳಿದ ಏರ್ಪಾಡುಗಳನ್ನು ಹೊರಗಿನವರು ಹೆಚ್ಚಾಗಿ ಬಲ್ಲರು. ಕಿಂಡರ್‌ಗೆಲ್ಟ್ ಎಂಬ ಮಕ್ಕಳ ಭತ್ಯೆ 2025ರಲ್ಲಿ ಮಗುವೊಂದಕ್ಕೆ ತಿಂಗಳಿಗೆ 255 ಯೂರೋ; ಮಗುವಿಗೆ 18 ತುಂಬುವವರೆಗೂ, ಓದು ಮುಂದುವರಿದರೆ 25ರವರೆಗೂ ಸಿಗುತ್ತದೆ. ಕೂಲಿಯವನ ಮಗುವಿಗೂ ನನ್ನ ಮಗುವಿಗೂ ಒಂದೇ ಮೊತ್ತ. 2007ರಿಂದ ಇರುವ ಎಲ್ಟರ್ನ್‌ಗೆಲ್ಟ್ ಯೋಜನೆಯಲ್ಲಿ, ಮಗುವಿನ ಜೊತೆ ಮನೆಯಲ್ಲಿರುವ ತಾಯಿಗಾಗಲಿ ತಂದೆಗಾಗಲಿ ಹಿಂದಿನ ನಿವ್ವಳ ಸಂಬಳದ ಸುಮಾರು ಮೂರನೇ ಎರಡು ಭಾಗ, ಹೆಚ್ಚೆಂದರೆ ತಿಂಗಳಿಗೆ 1,800 ಯೂರೋ, ಸರ್ಕಾರದ ಬೊಕ್ಕಸದಿಂದ ಬರುತ್ತದೆ. ಇಬ್ಬರೂ ಹಂಚಿಕೊಂಡರೆ ಒಟ್ಟು 14 ತಿಂಗಳು. ಮಗಳು ಹುಟ್ಟಿದಾಗ ನಾನೂ ಎರಡು ತಿಂಗಳು ತೆಗೆದುಕೊಂಡೆ. ಮಗುವಿಗೆ ಸ್ನಾನ ಮಾಡಿಸುವುದನ್ನು, ರಾತ್ರಿ ಮೂರಕ್ಕೆ ಎದ್ದು ಹೆಗಲಿಗೆ ಹಾಕಿಕೊಂಡು ಓಡಾಡುವುದನ್ನು ಕಲಿತದ್ದು ಆ ಎರಡು ತಿಂಗಳಿನಲ್ಲಿ. ನನ್ನ ಅಪ್ಪನಿಗೆ ಅಂಥ ಎರಡು ತಿಂಗಳು ಸಿಕ್ಕಿರಲಿಲ್ಲ, ಸಿಗಬೇಕೆಂದು ಯಾರೂ ಯೋಚಿಸಿಯೂ ಇರಲಿಲ್ಲ. ಇನ್ನು ಅವ್ವ ಬೆರಗಾದ ಪಿಂಚಣಿಯ ವಿಚಾರ: 1992ರಿಂದ ಈಚೆಗೆ ಹುಟ್ಟಿದ ಮಗುವೊಂದಕ್ಕೆ ಮೂರು ವರ್ಷ, ತಾಯಿ ದೇಶದ ಸರಾಸರಿ ಸಂಬಳವನ್ನೇ ಗಳಿಸಿದಳೆಂದು ಭಾವಿಸಿ ಅವಳ ಪರವಾಗಿ ಸರ್ಕಾರವೇ ವಂತಿಗೆ ಕಟ್ಟುತ್ತದೆ. 2025ರ ಜುಲೈನ ದರದಲ್ಲಿ ಇದು ಮಗುವೊಂದಕ್ಕೆ ಮುಪ್ಪಿನ ಪಿಂಚಣಿಯಲ್ಲಿ ತಿಂಗಳಿಗೆ ಸುಮಾರು 122 ಯೂರೋ.

ಇಷ್ಟೆಲ್ಲ ಕೊಟ್ಟರೂ ಮಗುವಿನ ಖರ್ಚು ಹೆತ್ತವರ ಮೇಲೇ ಬೀಳುತ್ತದೆ. ಒಂದು ಮಗುವಿರುವ ದಂಪತಿ ಆ ಮಗುವಿಗಾಗಿ ತಿಂಗಳಿಗೆ ಸರಾಸರಿ 763 ಯೂರೋ ಖರ್ಚು ಮಾಡುತ್ತಾರೆಂದು ಇಲ್ಲಿನ ಅಂಕಿಅಂಶ ಇಲಾಖೆ 2018ರ ಲೆಕ್ಕದಲ್ಲಿ ತೋರಿಸಿತ್ತು. ಹದಿನೆಂಟು ವರ್ಷಕ್ಕೆ ಅದು ಸುಮಾರು 1,65,000 ಯೂರೋ ಆಗುತ್ತದೆ. ಅದರಲ್ಲಿ ತಾಯಿ ಕಳೆದುಕೊಂಡ ಸಂಬಳ ಸೇರಿಲ್ಲ. ಆ ನಷ್ಟ ಎಷ್ಟೆಂಬುದನ್ನು 2019ರಲ್ಲಿ ಆರು ದೇಶಗಳನ್ನು ಹೋಲಿಸಿ ಪ್ರಕಟವಾದ ಒಂದು ಅಧ್ಯಯನ ಅಳೆದಿದೆ. ಮೊದಲ ಮಗು ಹುಟ್ಟಿದ ಐದರಿಂದ ಹತ್ತು ವರ್ಷಗಳ ಅವಧಿಯಲ್ಲಿ, ಡೆನ್ಮಾರ್ಕಿನ ತಾಯಂದಿರ ಗಳಿಕೆ ಸುಮಾರು ಶೇಕಡಾ 21ರಷ್ಟು ಕುಸಿದರೆ, ಜರ್ಮನಿಯಲ್ಲಿ ಶೇಕಡಾ 61. ತಂದೆಯರ ಗಳಿಕೆಗೆ ಅಂಥ ಪೆಟ್ಟೇನೂ ಬೀಳುವುದಿಲ್ಲ.

ಇದರ ಕಾರಣಗಳನ್ನು ನನ್ನ ಮನೆಯಲ್ಲೇ ಕಂಡಿದ್ದೇನೆ. ಒಂದು ವರ್ಷ ತುಂಬಿದ ಪ್ರತಿ ಮಗುವಿಗೂ ಶಿಶುವಿಹಾರದಲ್ಲಿ ಜಾಗ ಕೇಳುವ ಕಾನೂನುಬದ್ಧ ಹಕ್ಕು 2013ರ ಆಗಸ್ಟ್‌ನಿಂದ ಇದೆ. ಹಕ್ಕಿದ್ದರೂ ನಮ್ಮ ಮಗನಿಗೆ ಜಾಗ ಸಿಕ್ಕಿದ್ದು ಏಳು ತಿಂಗಳು ತಡವಾಗಿ. ಬರ್ಲಿನ್‌ನಲ್ಲಿ 2018ರಿಂದ ಶಿಶುವಿಹಾರಕ್ಕೆ ಶುಲ್ಕವಿಲ್ಲ, ಇಲ್ಲಿ ನಾವಿರುವ ರಾಜ್ಯದಲ್ಲಿ ಇದೆ. ಅವನ ಕಿಂಡರ್‌ಗೆಲ್ಟ್ ಪೂರ್ತಿ ಅಲ್ಲಿಗೇ ಹೋಗಿ, ಮೇಲೆ ನಮ್ಮ ಕೈಯಿಂದಲೂ ಹಾಕಬೇಕಾಗಿತ್ತು. ಸಿಬ್ಬಂದಿ ಸಾಲದೆಂದು ಎಷ್ಟೋ ದಿನ ಮಧ್ಯಾಹ್ನವೇ ಮುಚ್ಚುತ್ತಿದ್ದರು. ಜೊತೆಗೆ, ಗಂಡ ಹೆಂಡತಿಯ ಆದಾಯವನ್ನು ಕೂಡಿಸಿ ಎರಡು ಭಾಗ ಮಾಡಿ ತೆರಿಗೆ ಹಾಕುವ ಪದ್ಧತಿ 1958ರಿಂದ ನಡೆದುಬಂದಿದೆ. ಒಬ್ಬರ ಸಂಬಳ ಹೆಚ್ಚು, ಇನ್ನೊಬ್ಬರದು ಕಡಿಮೆ ಇದ್ದಷ್ಟೂ ಅದರಲ್ಲಿ ತೆರಿಗೆ ಉಳಿಯುತ್ತದೆಯಾದ್ದರಿಂದ, ಹೆಂಡತಿ ಪೂರ್ಣಕಾಲ ದುಡಿದರೂ ಮನೆಗೆ ಬರುವ ಹೆಚ್ಚಳ ಅಷ್ಟಕ್ಕಷ್ಟೇ. ನನ್ನ ಹೆಂಡತಿ ಬೆಂಗಳೂರಿನಲ್ಲಿ ಎಂಟು ಜನರ ತಂಡವನ್ನು ನಡೆಸುತ್ತಿದ್ದವಳು. ಮಗ ಹುಟ್ಟಿದ ಮೇಲೆ ಅರ್ಧ ದಿನದ ಕೆಲಸಕ್ಕೆ ಇಳಿದಳು, ಇಂದಿಗೂ ಅಲ್ಲೇ ಇದ್ದಾಳೆ. ಆ ತೀರ್ಮಾನವನ್ನು ಇಬ್ಬರೂ ಕೂಡಿ ಮಾಡಿದೆವೆಂದು ನಾನು ಹೇಳುತ್ತಿರುತ್ತೇನೆ. ಬೆಲೆ ತೆತ್ತವಳು ಅವಳೊಬ್ಬಳೇ ಎಂಬುದನ್ನೂ ಹೇಳಬೇಕು.

ಹಾಗಾದರೆ ನಮ್ಮ ಕಡೆಯ ದಾರಿ ಯಾವುದಾಗಿತ್ತು? ನಮ್ಮಲ್ಲಿ ಮಗುವಿನ ಆರ್ಥಿಕ ಬೆಲೆಯನ್ನು ಯಾರೂ ಬಚ್ಚಿಡುತ್ತಿರಲಿಲ್ಲ. ಮಗ "ಕೈಗೆ ಬಂದ" ಎಂಬ ಒಂದು ನುಡಿಯಲ್ಲೇ ಅದಿದೆ: ಇಷ್ಟು ವರ್ಷ ಉಣ್ಣಿಸಿದ ಕೈಗೆ ಇನ್ನು ಆಸರೆಯಾಗುವ ಹೊತ್ತು ಬಂತು ಎಂದು. ಆರತಿಗೊಬ್ಬಳು ಕೀರ್ತಿಗೊಬ್ಬ ಎಂದರು, ಮುಪ್ಪಿಗೆ ಊರುಗೋಲು ಎಂದರು. ಹೊಲವಿದ್ದ ಮನೆಯಲ್ಲಿ ಎಂಟು ವರ್ಷದ ಹುಡುಗ ದನ ಕಾಯುತ್ತಿದ್ದ, ಹತ್ತು ವರ್ಷದ ಹುಡುಗಿ ತಮ್ಮನನ್ನು ಸೊಂಟದ ಮೇಲೆ ಹೊತ್ತು ಅವ್ವನನ್ನು ನಾಟಿಗೆ ಕಳಿಸುತ್ತಿದ್ದಳು. ಮಕ್ಕಳಿಂದ ಹಿರಿಯರ ಕಡೆಗೆ ಸಂಪತ್ತು ಹರಿಯುವವರೆಗೆ ಜನ ಹೆಚ್ಚು ಮಕ್ಕಳನ್ನು ಹೆರುತ್ತಾರೆ, ಹರಿವು ತಿರುಗಿ ಹಿರಿಯರಿಂದ ಮಕ್ಕಳ ಕಡೆಗಾದಾಗ ಹೆರಿಗೆಗಳು ಕಡಿಮೆಯಾಗುತ್ತವೆ ಎಂಬ ವಾದವನ್ನು ಮುಂದಿಟ್ಟವರು ಆಸ್ಟ್ರೇಲಿಯಾದ ಜನಸಂಖ್ಯಾಶಾಸ್ತ್ರಜ್ಞ ಜಾನ್ ಕಾಲ್ಡ್‌ವೆಲ್. ಅವರು 1980ರ ಸುಮಾರಿಗೆ ಬೆಂಗಳೂರಿನ ಜನಸಂಖ್ಯಾ ಕೇಂದ್ರದ ಪಿ. ಎಚ್. ರೆಡ್ಡಿಯವರ ಜೊತೆಗೂಡಿ ದಕ್ಷಿಣ ಕರ್ನಾಟಕದ ಹಳ್ಳಿಗಳಲ್ಲೇ ಮನೆಮನೆಗೆ ಹೋಗಿ ಅಧ್ಯಯನ ಮಾಡಿದರು. ಮಕ್ಕಳು ಶಾಲೆಗೆ ಹೋಗತೊಡಗಿದ್ದು ಆ ಹಳ್ಳಿಗಳಲ್ಲಿ ದೊಡ್ಡ ತಿರುವಾಗಿತ್ತು. ನಾನು ಹುಟ್ಟಿದ್ದು 1984ರಲ್ಲಿ, ಆ ತಿರುವಿನ ನಟ್ಟನಡುವೆ: ಬೆಳಿಗ್ಗೆ ಸರ್ಕಾರಿ ಶಾಲೆ, ಸಂಜೆ ಹಸುವಿನ ಹುಲ್ಲು.

ಆ ಹರಿವು ಈಗ ಪೂರ್ತಿ ತಿರುಗಿದೆ. ಬೆಂಗಳೂರಿನಲ್ಲಿರುವ ನನ್ನ ತಂಗಿ ತನ್ನ ಮಗಳನ್ನು ಎಲ್‌ಕೆಜಿಗೆ ಸೇರಿಸಲು ಒಂದು ಲಕ್ಷ ಮೂವತ್ತು ಸಾವಿರ ರೂಪಾಯಿ ಕಟ್ಟಿದಳು. ವ್ಯಾನಿನ ಖರ್ಚು ಬೇರೆ, ಮಧ್ಯಾಹ್ನ ಮಗುವನ್ನು ನೋಡಿಕೊಳ್ಳುವ ಡೇ ಕೇರ್ ಬೇರೆ. ಅಣ್ಣನಾಗಿ ನಾನು ಕೈಲಾದಷ್ಟು ಕಳಿಸಿದೆ. ಅಷ್ಟು ಖರ್ಚು ಮಾಡುವ ಅವಳಿಗೆ ಸರ್ಕಾರ ಮಗುವಿನ ಹೆಸರಿನಲ್ಲಿ ಕೊಟ್ಟದ್ದೇನು ಎಂದು ಹುಡುಕಿದರೆ, ಆದಾಯ ತೆರಿಗೆಯ ನಿಯಮದಲ್ಲಿ ಮಕ್ಕಳ ಶಿಕ್ಷಣ ಭತ್ಯೆಗೆ ದಶಕಗಳ ಕಾಲ ಇದ್ದ ವಿನಾಯಿತಿ ಮಗುವೊಂದಕ್ಕೆ ತಿಂಗಳಿಗೆ 100 ರೂಪಾಯಿ. ಒಂದು ಮಗುವೇ ಸಾಕು ಎಂದು ಅವಳು ತೀರ್ಮಾನಿಸಿದ್ದಾಳೆ. ಅಂಥ ತೀರ್ಮಾನಗಳು ಕೂಡಿ, ಕರ್ನಾಟಕದಲ್ಲಿ ಹೆಣ್ಣೊಬ್ಬಳಿಗೆ ಸರಾಸರಿ ಮಕ್ಕಳ ಸಂಖ್ಯೆ 1.7ಕ್ಕೆ ಇಳಿದಿರುವುದನ್ನು 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ತೋರಿಸಿತು. ಜರ್ಮನಿಯಲ್ಲಿ 2023ರಲ್ಲಿ ಅದು 1.35. ಇಷ್ಟು ಹಣ ಕೊಡುವ ದೇಶದಲ್ಲಿ ನಮಗಿಂತಲೂ ಕಡಿಮೆ. ಹಣ ಕೊಟ್ಟರೆ ಹೆರಿಗೆ ಹೆಚ್ಚುತ್ತದೆ ಎಂಬ ವಾದವನ್ನು ನಾನು ಅದಕ್ಕೇ ಮಾಡುವುದಿಲ್ಲ. ಆಗಿರುವ ದುಡಿಮೆಗೆ ಸಲ್ಲಬೇಕಾದ್ದು ಸಲ್ಲಲಿ ಎಂಬುದಷ್ಟೇ ನನ್ನ ಮಾತು. 2024ರಲ್ಲಿ ಆಂಧ್ರದ ಮತ್ತು ತಮಿಳುನಾಡಿನ ಮುಖ್ಯಮಂತ್ರಿಗಳು ಜನ ಹೆಚ್ಚು ಮಕ್ಕಳನ್ನು ಹೆರುವ ವಿಚಾರವೆತ್ತಿದಾಗ ನನಗೆ ಸಂಕಟವಾಯಿತು. ಹೆತ್ತವಳ ದುಡಿಮೆಗೆ ಒಂದು ಸಾಲಿನ ಲೆಕ್ಕವೂ ಇಲ್ಲದ ಕಡೆ ಇನ್ನೊಂದು ಮಗುವನ್ನು ಕೇಳುವ ಹಕ್ಕು ಯಾರಿಗೂ ಇಲ್ಲ.

ಮುಪ್ಪಿನ ವಿಚಾರದಲ್ಲಿ ಎರಡು ದೇಶಗಳ ಕಾನೂನುಗಳು ಎದುರುಬದುರು ದಿಕ್ಕಿಗೆ ನಡೆದಿವೆ. ಜರ್ಮನಿಯಲ್ಲಿ 2020ರ ಜನವರಿಯಿಂದ, ವರ್ಷಕ್ಕೆ 1,00,000 ಯೂರೋಗಿಂತ ಹೆಚ್ಚು ಗಳಿಸುವ ಮಕ್ಕಳನ್ನು ಬಿಟ್ಟರೆ ಉಳಿದವರಿಂದ ತಂದೆತಾಯಿಯ ಆರೈಕೆಯ ಖರ್ಚನ್ನು ಸರ್ಕಾರ ಕೇಳುವುದಿಲ್ಲ. ನಮ್ಮಲ್ಲಿ 2007ರ ಕಾಯ್ದೆಯಂತೆ ಹೆತ್ತವರು ನ್ಯಾಯಮಂಡಳಿಗೆ ಹೋಗಿ ಮಕ್ಕಳಿಂದ ತಿಂಗಳಿಗೆ 10,000 ರೂಪಾಯಿಯವರೆಗೆ ಜೀವನಾಂಶ ಪಡೆಯಬಹುದು. ಇಲ್ಲಿನ ನೆರೆಯವರಿಗೆ ಇದನ್ನು ಹೇಳಿದರೆ ಕೆಲವರು ಮೆಚ್ಚುತ್ತಾರೆ. ಮಗ ತಾಯಿಯನ್ನು ನೋಡಿಕೊಳ್ಳಬೇಕೆಂಬುದನ್ನು ನಾನೂ ಮನಸಾರೆ ಒಪ್ಪುತ್ತೇನೆ. ಆದರೆ ಬೆಳೆಸಿದ ದುಡಿಮೆಯ ಫಲ ಮಗನ ಒಳ್ಳೆಯತನವನ್ನೇ ನೆಚ್ಚಿಕೊಂಡು, ಅವನು ಕೊಡದಿದ್ದಾಗ ತಾಯಿ ಕಟಕಟೆ ಹತ್ತಬೇಕಾದ ಏರ್ಪಾಡನ್ನು ನಾವು ಹೆಮ್ಮೆಪಡುವ ಸಂಸ್ಕೃತಿಯೆಂದು ಕರೆಯಬಾರದು. ನಮ್ಮೂರಿನಲ್ಲಿ ಗಂಡುಮಕ್ಕಳಿಲ್ಲದವರು, ಇದ್ದೂ ಇಲ್ಲದಂತಾದವರು ಎಷ್ಟು ಜನ ಎಂಬುದನ್ನು ಅವ್ವ ಬೆರಳು ಮಡಿಸಿ ಹೇಳಬಲ್ಲಳು. ಅಂಥವರಿಗೆ ಸಂಧ್ಯಾ ಸುರಕ್ಷಾ ಮಾಸಾಶನದ 1,200 ರೂಪಾಯಿಯೇ ಗತಿ.

ಎಲ್ಲದರಲ್ಲೂ ಜರ್ಮನಿಯೇ ಮೇಲು ಎಂದು ಬರೆದರೆ ಸುಳ್ಳಾದೀತು. ಮಗಳು ಹುಟ್ಟಿದ ನಾಲ್ಕನೆಯ ದಿನ, ನವೆಂಬರಿನ ಹೊಸ್ತಿಲಿನ ಮಬ್ಬು ಬೆಳಗಿನಲ್ಲಿ ನಾವಿಬ್ಬರೇ ಮನೆಗೆ ಬಂದೆವು. ಸೂಲಗಿತ್ತಿ ದಿನಕ್ಕೊಮ್ಮೆ ಬಂದು ನೋಡಿಕೊಂಡು ಹೋಗುತ್ತಿದ್ದಳು. ಅದರ ಖರ್ಚೂ ಆರೋಗ್ಯ ವಿಮೆಯದೇ. ಆದರೆ ಅವಳು ಹೋದ ಮೇಲೆ ಮನೆಯಲ್ಲಿ ಉಳಿಯುತ್ತಿದ್ದದ್ದು ನಾವು ಮೂವರೇ. ಎರಡು ವಾರದ ನಂತರ ವೀಸಾ ಸಿಕ್ಕಿ ಅವ್ವ ಬಂದಳು. ಪೆಟ್ಟಿಗೆಯಲ್ಲಿ ಬಟ್ಟೆಗಿಂತ ಅಂಟಿನುಂಡೆ, ಕೊಬ್ಬರಿ, ಓಮ, ಬೆಳ್ಳುಳ್ಳಿಯೇ ಹೆಚ್ಚಿದ್ದವು. ಬಂದ ಮರುದಿನ ಬಿಸಿ ನೀರಿನ ಹಬೆಯ ನಡುವೆ ಕಾಲು ಚಾಚಿ ಕೂತು, ಮಗುವನ್ನು ಮೊಣಕಾಲ ಮೇಲೆ ಬೋರಲು ಮಲಗಿಸಿಕೊಂಡು ಎಣ್ಣೆ ತಿಕ್ಕಿದಳು. ಅದುವರೆಗೆ ಒಂದು ರಾತ್ರಿಯೂ ನೆಟ್ಟಗೆ ಮಲಗದಿದ್ದ ಮಗು ಅಂದು ಐದು ಗಂಟೆ ನಿದ್ದೆ ಮಾಡಿತು, ಅದರ ತಾಯಿಯೂ ಮಾಡಿದಳು. ಆ ಐದು ಗಂಟೆಯನ್ನು ಯಾವ ಭತ್ಯೆಯಿಂದಲೂ ಕೊಳ್ಳಲು ನಮಗೆ ಆಗುತ್ತಿರಲಿಲ್ಲ. ಬಾಣಂತನವೆಂಬ ಒಂದೇ ಪದದಲ್ಲಿ ನಮ್ಮ ನಾಡು ಎಷ್ಟು ಹೆಂಗಸರ ಎಷ್ಟು ತಿಂಗಳ ದುಡಿಮೆಯನ್ನು ತುಂಬಿಟ್ಟಿದೆ ಎಂಬುದು ನನಗೆ ಆಗ ತಿಳಿಯಿತು. 90 ದಿನಕ್ಕೆ ವೀಸಾ ಮುಗಿಯಿತು. ನಮ್ಮಂಥ ಹೊರನಾಡ ಕನ್ನಡಿಗರ ಮನೆಗಳಲ್ಲಿ ಒಮ್ಮೆ ಗಂಡಿನ ತಾಯಿ, ಆಮೇಲೆ ಹೆಣ್ಣಿನ ತಾಯಿ ಎಂದು ಸರದಿಯ ಮೇಲೆ ಬಂದು ಹೋಗುವ ಅಜ್ಜಿಯರಿದ್ದಾರೆ. ಅಮೆರಿಕದಲ್ಲಿ, ಲಂಡನ್ನಿನಲ್ಲಿ, ದುಬೈಯಲ್ಲಿ, ಪುಣೆಯಲ್ಲಿ ಅವರಿದ್ದಾರೆ. ಊರಿನ ಹೊಲ, ದನ, ಗಂಡನ ಮಾತ್ರೆ ಎಲ್ಲವನ್ನೂ ಯಾರಿಗೋ ಒಪ್ಪಿಸಿ ಬಂದು ಮೊಮ್ಮಕ್ಕಳನ್ನು ಸಾಕುವ ಅವರ ದುಡಿಮೆ ಎರಡು ದೇಶಗಳಲ್ಲಿ ಯಾವುದರ ಲೆಕ್ಕಕ್ಕೂ ಬರುವುದಿಲ್ಲ.

ಕರ್ನಾಟಕಕ್ಕೆ ಈ ವಿಚಾರ ಹೊಸತೇನೂ ಅಲ್ಲ. 1975ರ ಅಕ್ಟೋಬರ್ 2ರಂದು ದೇಶದಲ್ಲಿ ಅಂಗನವಾಡಿಗಳ ಯೋಜನೆ ಶುರುವಾದಾಗ ಮೊದಲ 33 ಕಡೆಗಳಲ್ಲಿ ನಮ್ಮ ಟಿ. ನರಸೀಪುರವೂ ಒಂದು. ಈಚೆಗೆ ಉದ್ಯೋಗ ಖಾತರಿಯ ಕೂಲಿಗೆ ಹೋಗುವ ತಾಯಂದಿರ ಮೂರು ವರ್ಷದೊಳಗಿನ ಮಕ್ಕಳಿಗಾಗಿ ಗ್ರಾಮ ಪಂಚಾಯಿತಿಗಳಲ್ಲಿ "ಕೂಸಿನ ಮನೆ" ತೆರೆಯುವ ಯೋಜನೆ 2023ರಲ್ಲಿ ಬಂತು. 4,000 ಪಂಚಾಯಿತಿಗಳ ಗುರಿ ಇಟ್ಟುಕೊಂಡ ಆ ಯೋಜನೆಯನ್ನು ನಾನು ಇಲ್ಲಿನ ಶಿಶುವಿಹಾರದ ಹಕ್ಕಿನಷ್ಟೇ ಮಹತ್ವದ್ದೆಂದು ಭಾವಿಸುತ್ತೇನೆ. ಆದರೆ ಅದನ್ನು ಉದ್ಯೋಗ ಖಾತರಿಗೆ ಕಟ್ಟಿಹಾಕದೆ, ಕಾಫಿ ತೋಟದ ಕೂಲಿಗೂ ಗಾರ್ಮೆಂಟ್ಸ್‌ಗೂ ಹೋಗುವ ತಾಯಂದಿರ ಮಕ್ಕಳಿಗೆಲ್ಲ ಅವರ ಕೆಲಸದ ಹೊತ್ತಿಗೆ ಹೊಂದುವಂತೆ ತೆರೆದಿಡಬೇಕು. ಇನ್ನು 2023ರ ಆಗಸ್ಟ್‌ನಲ್ಲಿ ಶುರುವಾದ ಗೃಹಲಕ್ಷ್ಮಿಯ 2,000 ರೂಪಾಯಿ. ಬಿಟ್ಟಿ ಹಣವೆಂದು ಅದನ್ನು ಹೀಗಳೆಯುವ ನನ್ನ ಗೆಳೆಯರೊಡನೆ ನಾನು ಜಗಳವಾಡಿದ್ದೇನೆ. ಹಸುವಿನ ಹೆಸರಿನಲ್ಲಿ ಅಲ್ಲದೆ ತನ್ನ ಹೆಸರಿನಲ್ಲೇ ಅವ್ವನಿಗೆ ಮೊದಲ ಬಾರಿಗೆ ತಿಂಗಳು ತಿಂಗಳೂ ಬಂದ ಹಣ ಅದು. ಆದರೂ ಅದರಲ್ಲೊಂದು ಕೊರತೆಯಿದೆ. ಪಡಿತರ ಚೀಟಿಯೊಂದಕ್ಕೆ ಯಜಮಾನಿ ಒಬ್ಬಳೇ. ಹೆಚ್ಚಿನ ಮನೆಗಳಲ್ಲಿ ಅವಳು ಅತ್ತೆ. ಎಂಟು ತಿಂಗಳ ಕೂಸನ್ನು ಎತ್ತಿಕೊಂಡಿರುವ, ಕೂಲಿ ಬಿಟ್ಟು ಮನೆಯಲ್ಲಿ ಕೂತ ಸೊಸೆಗೆ ಅದರಲ್ಲಿ ಪಾಲಿಲ್ಲ.

ಸಂಬಳದ ಕೆಲಸದಲ್ಲಿರುವ ಹೆಣ್ಣುಮಕ್ಕಳ ವಿಚಾರದಲ್ಲಿ ನಾವು ಜರ್ಮನಿಯಿಂದ ಕಲಿಯಬಹುದಾದ ಒಂದು ಸರಳವಾದ ಉಪಾಯವಿದೆ, ಅದರ ಬಗ್ಗೆ ನಮ್ಮಲ್ಲಿ ಮಾತೇ ಇಲ್ಲ. 2017ರ ತಿದ್ದುಪಡಿಯಿಂದ ನಮ್ಮಲ್ಲಿ ಮೊದಲ ಎರಡು ಮಕ್ಕಳಿಗೆ ಹೆರಿಗೆ ರಜೆ 26 ವಾರಗಳಾಯಿತು. ಒಳ್ಳೆಯದೇ. ಆದರೆ ಇಎಸ್‌ಐ ಎಂಬ ನೌಕರರ ವಿಮೆಯ ವ್ಯಾಪ್ತಿಯ ಹೊರಗಿರುವವರ ಸಂಬಳವನ್ನು ಅವರ ಮಾಲೀಕನೇ ಪೂರ್ತಿ ಕೊಡಬೇಕು. ಹೀಗಾಗಿ ಮದುವೆಯ ವಯಸ್ಸಿನ ಹೆಣ್ಣನ್ನು ಕೆಲಸಕ್ಕೆ ತೆಗೆದುಕೊಳ್ಳಲು ಸಣ್ಣ ಕಂಪನಿಗಳು ಹಿಂಜರಿಯುತ್ತವೆ. ನನ್ನ ತಂಗಿಗೆ ಸಂದರ್ಶನವೊಂದರಲ್ಲಿ "ಮುಂದಿನ ಪ್ಲ್ಯಾನ್ ಏನು" ಎಂದು ಕೇಳಿದ್ದರ ಅರ್ಥ ಅದೇ ಆಗಿತ್ತು. ಜರ್ಮನಿಯಲ್ಲಿ ಹೆರಿಗೆಯ ಹಿಂದಿನ ಆರು ವಾರ, ನಂತರದ ಎಂಟು ವಾರಗಳ ಸಂಬಳದ ಒಂದು ಪಾಲನ್ನು ಆರೋಗ್ಯ ವಿಮೆ ಕೊಡುತ್ತದೆ, ಉಳಿದದ್ದನ್ನು ಮಾಲೀಕ ಕೊಡುತ್ತಾನೆ. ಆ ಮಾಲೀಕ ಕೊಟ್ಟದ್ದು ಎಲ್ಲ ಮಾಲೀಕರೂ ವಂತಿಗೆ ಹಾಕಿ ನಡೆಸುವ ಒಂದು ನಿಧಿಯಿಂದ ಅವನಿಗೆ ಮರಳಿ ಬರುತ್ತದೆ. ತನ್ನಲ್ಲಿ ಗಂಡಸರನ್ನು ಮಾತ್ರ ಇಟ್ಟುಕೊಂಡಿರುವ ಕಂಪನಿಯೂ ಆ ನಿಧಿಗೆ ಕಟ್ಟಲೇಬೇಕು. ಆದ್ದರಿಂದ ಹೆಣ್ಣನ್ನು ದೂರವಿಟ್ಟು ಉಳಿಸುವಂಥದ್ದೇನೂ ಅಲ್ಲಿ ಇಲ್ಲ. ಕರ್ನಾಟಕದಂಥ ಉದ್ಯಮಗಳ ನಾಡಿಗೆ ಇಂಥದೊಂದು ನಿಧಿ ಕಟ್ಟುವುದು ಹೊರೆಯಾಗಲಾರದು.

ತಾಯ್ತನಕ್ಕೆ ಬೆಲೆ ಕಟ್ಟುತ್ತೀಯಾ ಎಂದು ನನ್ನ ಚಿಕ್ಕಪ್ಪ ಒಮ್ಮೆ ಫೋನಿನಲ್ಲಿ ಗದರಿದರು. ಪ್ರೀತಿಯನ್ನು ಅಳೆಯಲು ಯಾರೂ ಹೊರಟಿಲ್ಲ. ಅವ್ವ ಹಸುಗಳನ್ನೂ ಪ್ರೀತಿಸುತ್ತಿದ್ದಳು, ಕರು ಸತ್ತಾಗ ಎರಡು ದಿನ ಊಟ ಬಿಟ್ಟಿದ್ದಳು. ಅದರಿಂದ ಡೇರಿಯವರು ಹಾಲಿನ ಹಣ ಕೊಡುವುದನ್ನು ನಿಲ್ಲಿಸಲಿಲ್ಲ.

ನನ್ನ ಮನಸ್ಸನ್ನು ಎಲ್ಲಕ್ಕಿಂತ ಹೆಚ್ಚು ಕೊರೆಯುವ ಲೆಕ್ಕ ನನ್ನದೇ. ನಾನು ಹುಟ್ಟಿ ಬೆಳೆದದ್ದು ಹಾಸನ ಜಿಲ್ಲೆಯ ರಾಗಿಯಲ್ಲಿ, ಸರ್ಕಾರಿ ಶಾಲೆಯ ಮೇಷ್ಟ್ರುಗಳ ಶ್ರಮದಲ್ಲಿ. ಎಂಜಿನಿಯರಿಂಗ್ ಸೇರುವಾಗ ಅವ್ವನ ಕೊರಳಿನ ಎರಡೆಳೆ ಸರ ಹೋಯಿತು. 2012ರಲ್ಲಿ, 28ನೆಯ ವಯಸ್ಸಿನಲ್ಲಿ, ಕೈಗೆ ಬಂದ ಮಗನಾಗಿ ನಾನು ಜರ್ಮನಿಗೆ ಬಂದೆ. ಅಂದಿನಿಂದ ನನ್ನ ಸಂಬಳದ ಮೇಲೆ ಪಿಂಚಣಿ ವಿಮೆಯ ವಂತಿಗೆ ಹೋಗುತ್ತಿದೆ. ಈಗ ಅದು ಶೇಕಡಾ 18.6, ಅರ್ಧ ನನ್ನಿಂದ, ಅರ್ಧ ಕಂಪನಿಯಿಂದ. ಇಲ್ಲಿ ಪಿಂಚಣಿಯ ಹಣವನ್ನು ಕೂಡಿಡುವುದಿಲ್ಲ, ಬಂದ ತಿಂಗಳೇ ಮುದುಕರಿಗೆ ಹಂಚುತ್ತಾರೆ. ಹೀಗಾಗಿ ನಮ್ಮ ಮೇಲಿನ ಮಹಡಿಯ ಎಂಬತ್ತು ದಾಟಿದ ಅಜ್ಜಿಯ ಪಿಂಚಣಿಯಲ್ಲಿ ನನ್ನ ಪಾಲೂ ಇದೆ. ಆಕೆ ಒಳ್ಳೆಯವಳು, ನನ್ನ ಮಕ್ಕಳಿಗೆ ಕ್ರಿಸ್‌ಮಸ್‌ಗೆ ಮುಂಚಿನ ಅಡ್ವೆಂಟ್ ವಾರಗಳಲ್ಲಿ ಬಿಸ್ಕತ್ತು ಸುಟ್ಟು ಕೊಡುತ್ತಾಳೆ. ಆಕೆಗೆ ಹೋಗುವುದರಲ್ಲಿ ನನಗೆ ಬೇಸರವಿಲ್ಲ. ಆದರೆ ಇಪ್ಪತ್ತೆಂಟು ವರ್ಷ ನನ್ನನ್ನು ಬೆಳೆಸಿ ಈ ದೇಶಕ್ಕೆ ವಂತಿಗೆದಾರನನ್ನು ಒದಗಿಸಿಕೊಟ್ಟವಳಿಗೆ ಈ ದೇಶ ಏನೂ ಕೊಡಬೇಕಾಗಿಲ್ಲ; ನಾನು ಊರಿಗೆ ಕಳಿಸುವ ಹಣ ನನ್ನ ಇಷ್ಟಕ್ಕೆ ಬಿಟ್ಟದ್ದು. ಬೆಂಗಳೂರು, ಮುಂಬಯಿಗಳಿಗೆ ದುಡಿಯಲು ಹೋದ ಕಲಬುರಗಿ, ರಾಯಚೂರುಗಳ ಮಕ್ಕಳ ಕಥೆಯೂ ಇದೇ. ಬೆಳೆಸಿದ ಜಿಲ್ಲೆ ಒಂದು, ತೆರಿಗೆ ಕಟ್ಟುವ ಊರು ಇನ್ನೊಂದು. ಮೂರು ಮಕ್ಕಳನ್ನು ಸಾಕಿದ ಹೆಂಗಸಿಗೆ ಅರವತ್ತೈದು ದಾಟಿದ ಮೇಲೆ, ಬಡವಳೆಂದು ದಯೆ ತೋರಿಸಿ ಕೊಡುವ ಹಣವಾಗಿ ಅಲ್ಲದೆ, ಸಾಕಿದ ವರ್ಷಗಳಿಗೆ ಸಂದ ಪಿಂಚಣಿಯಾಗಿ ಒಂದಿಷ್ಟು ಕೊಡುವ ಕಾನೂನನ್ನು ಕರ್ನಾಟಕ ಮಾಡಬೇಕೆಂಬುದು ನನ್ನ ಬೇಡಿಕೆ. ಮೊತ್ತ ಸಣ್ಣದಿದ್ದರೂ ಆದೀತು, ಅದರ ಹೆಸರು ಸರಿಯಾಗಿರಲಿ.

ಅವ್ವ ಜೂನ್‌ನಲ್ಲಿ ಊರಿಗೆ ಹೋದಳು. ಆಗಸ್ಟ್ ಕೊನೆಗೆ ಪಿಂಚಣಿ ಕಚೇರಿಯಿಂದ ನನ್ನ ಹೆಂಡತಿಯ ಹೆಸರಿಗೆ ಕಾಗದ ಬಂತು. ಫೋನ್ ಮಾಡಿದಾಗ ಅವ್ವ ಅದನ್ನು ನೆನಪಿಟ್ಟುಕೊಂಡು ಕೇಳಿ, ಏನು ಬರೆದಿದ್ದಾರೆ ಓದು ಎಂದಳು. ಮಗಳದು 2016ರ ನವೆಂಬರ್ 1ರಿಂದ 2019ರ ಅಕ್ಟೋಬರ್ 31, ಮಗನದು 2020ರ ಏಪ್ರಿಲ್ 1ರಿಂದ 2023ರ ಮಾರ್ಚ್ 31 ಎಂದು ಓದಿದೆ. ಸ್ವಲ್ಪ ಹೊತ್ತು ಆ ಕಡೆಯಿಂದ ಮಾತಿರಲಿಲ್ಲ. ಆಮೇಲೆ ಅಣ್ಣ ಹುಟ್ಟಿದ್ದು ಭತ್ತದ ಕೊಯ್ಲಿನಲ್ಲಿ, ನಾನು ಯುಗಾದಿಯ ಹಿಂದಿನ ವಾರ, ತಂಗಿ ಆರಿದ್ರಾ ಮಳೆಯಲ್ಲಿ ಎಂದು ಒಬ್ಬೊಬ್ಬರದೂ ಹೇಳಿಕೊಂಡು, "ಹಂಗಾದ್ರೆ ನಂದು ಒಂಬತ್ತು ವರ್ಷ" ಎಂದಳು. ಅಷ್ಟರಲ್ಲಿ ಡೇರಿಗೆ ಹೊತ್ತಾಯಿತೆಂದು ಫೋನ್ ಇಟ್ಟಳು.